ಈಸೂರಿನ ಚಿತ್ರಕಥೆ ಬರೆಯುತ್ತಿರುವ ತಂಗಿಯ ಮಗನಿಗೆ

ಮೈಸೂರು

ಚಿ. ಪುಟ್ಟನಿಗೆ ದೊಡ್ಡಮ್ಮನ ಆಶೀರ್ವಾದಗಳು.

ನೀನು ಕಳಿಸಿದ ಚಿತ್ರಕಥೆಯನ್ನು ಪೂರ್ತಿ ಓದಿದೆ. 1942ರಲ್ಲಿ ಈಸೂರಿನವರು ವೀರಭದ್ರ ದೇವಸ್ಥಾನದ ಮೇಲೆ ಧ್ವಜ ಏರಿಸಿ, ತಮ್ಮೂರು ಸ್ವತಂತ್ರ ಎಂದು ಸಾರಿ, ಒಬ್ಬ ಹುಡುಗನನ್ನು ತಮ್ಮ ಅಮಲ್ದಾರನನ್ನಾಗಿ, ಅಂದರೆ ತಾಲ್ಲೂಕಿನ ಅಧಿಕಾರಿಯನ್ನಾಗಿ, ಮಾಡಿಕೊಂಡ ಭಾಗ ಬಹಳ ಚೆನ್ನಾಗಿ ಬಂದಿದೆ. ಓದುತ್ತಾ ಮೈ ಜುಮ್ಮೆಂದಿತು. ಆದರೆ ಸರ್ಕಾರದ ಅಮಲ್ದಾರರೂ ಸಬ್ ಇನ್ಸ್‌ಪೆಕ್ಟರೂ ಸಾಯುವ ದೃಶ್ಯವನ್ನು ಎರಡೇ ಸಾಲಿನಲ್ಲಿ ಮುಗಿಸಿ, ಹಿನ್ನೆಲೆಗೆ ಜಯಘೋಷ ಇಟ್ಟಿದ್ದೀಯ. ಆ ಎರಡು ಸಾಲಿಗಾಗಿ ಈ ಪತ್ರ. ಫೋನಿನಲ್ಲಿ ಹೇಳಿ ಮುಗಿಸುವ ಮಾತಲ್ಲ ಇದು.

‘ದಿ ಬ್ಯಾಟಲ್ ಆಫ್ ಅಲ್ಜಿಯರ್ಸ್’ ನೋಡಿದ್ದೇನೆ ಎಂದು ನೀನು ಹೇಳಿದ್ದು ನೆನಪಿದೆ. ಇನ್ನೊಮ್ಮೆ ನೋಡು, ಈ ಸಲ ಚಿತ್ರಕಥೆ ಬರೆಯುವವನ ಕಣ್ಣಿನಿಂದ ನೋಡು. ಅಲ್ಜೀರಿಯಾ 132 ವರ್ಷ ಫ್ರಾನ್ಸಿನ ಕೈಯಲ್ಲಿತ್ತು. 1954ರ ನವೆಂಬರ್ 1ರಂದು ಎಫ್‌ಎಲ್‌ಎನ್ ಎಂಬ ಸಂಘಟನೆ ಶಸ್ತ್ರ ಹಿಡಿಯಿತು, 1962ರ ಜುಲೈ 5ರಂದು ದೇಶ ಸ್ವತಂತ್ರವಾಯಿತು. ನಡುವೆ 1956-57ರಲ್ಲಿ ರಾಜಧಾನಿ ಅಲ್ಜಿಯರ್ಸ್‌ನ ಹಳೇ ಪೇಟೆ ಕಸ್ಬಾದ ಸಂದಿಗೊಂದಿಗಳಲ್ಲಿ ನಡೆದ ಹೋರಾಟವೇ ಆ ಸಿನಿಮಾದ ವಸ್ತು. ಇಟಲಿಯ ಗಿಲ್ಲೊ ಪಾಂಟೆಕೋರ್ವೊ ಅದನ್ನು ತೆಗೆದದ್ದು ಸ್ವಾತಂತ್ರ್ಯ ಬಂದ ಮೂರೇ ವರ್ಷಕ್ಕೆ, ಅದೇ ಊರಿನಲ್ಲಿ, ಅದೇ ಬೀದಿಗಳಲ್ಲಿ, ಅದನ್ನೆಲ್ಲ ಕಂಡುಂಡ ಜನರನ್ನೇ ನಿಲ್ಲಿಸಿಕೊಂಡು.

ಆ ಸಿನಿಮಾ ಹುಟ್ಟಿದ ಬಗೆ ನಿನಗೆ ಗೊತ್ತಿರಬೇಕು. ಸಾದಿ ಯಾಸೆಫ್ ಕಸ್ಬಾದ ಹೋರಾಟಗಾರರ ನಾಯಕ. 1957ರಲ್ಲಿ ಸಿಕ್ಕಿಬಿದ್ದು ಮರಣದಂಡನೆಗೆ ಗುರಿಯಾದ, ಹೇಗೋ ಬದುಕಿಕೊಂಡ, ಸೆರೆಮನೆಯಲ್ಲಿ ಕೂತು ತನ್ನ ನೆನಪುಗಳನ್ನು ಬರೆದ. ಬಿಡುಗಡೆಯಾದ ಮೇಲೆ ತಾನೇ ಒಂದು ಚಿತ್ರಕಥೆ ಸಿದ್ಧಮಾಡಿಕೊಂಡು ಇಟಲಿಗೆ ಹೋದ. ಪಾಂಟೆಕೋರ್ವೊ ಎಡಪಂಥದವನು, ಫ್ಯಾಸಿಸ್ಟರ ವಿರುದ್ಧ ತಾನೂ ಹೋರಾಡಿದವನು, ಅಲ್ಜೀರಿಯಾದ ಪರ ನೂರಕ್ಕೆ ನೂರು ಇದ್ದವನು. ಆದರೂ ಅವನಿಗೆ ಆ ಕಥೆ ಒಪ್ಪಿಗೆಯಾಗಲಿಲ್ಲ, ಬರೀ ಪ್ರಚಾರವಾಗಿ ಕಂಡಿತು. ಚಿತ್ರಕಥೆಗಾರ ಫ್ರಾಂಕೊ ಸೊಲಿನಾಸ್ ಜೊತೆ ಕೂತು ಎಲ್ಲವನ್ನೂ ಹೊಸದಾಗಿ ಕಟ್ಟಿದ. ಯಾಸೆಫ್ ಮುನಿಸಿಕೊಂಡು ಹೋಗಲಿಲ್ಲ, ನಿರ್ಮಾಪಕನಾಗಿ ಜೊತೆಗೆ ನಿಂತ, ತನ್ನದೇ ಪಾತ್ರವನ್ನು ಬೇರೆ ಹೆಸರಿನಲ್ಲಿ ತಾನೇ ಮಾಡಿದ. ಸಾವಿನ ಬಾಗಿಲಿಗೆ ಹೋಗಿ ಬಂದವನಿಗೇ ತನ್ನ ಕಥೆಯನ್ನು ಇನ್ನೊಬ್ಬರು ತಿದ್ದಲು ಬಿಡುವ ದೊಡ್ಡತನ ಇತ್ತು, ಪುಟ್ಟ. ಹಾಗಿರುವಾಗ ನಿನ್ನ ಎರಡು ಸಾಲಿನ ಬಗ್ಗೆ ನಾನು ಹೇಳಿದರೆ ನೀನು ಬೇಸರ ಮಾಡಿಕೊಳ್ಳಬಾರದು.

ಈಗ ಆ ಮೂವರು ಹೆಂಗಸರ ಭಾಗಕ್ಕೆ ಬರುತ್ತೇನೆ. ನಡೆದದ್ದು 1956ರ ಸೆಪ್ಟೆಂಬರ್ 30ರಂದು. ಅದಕ್ಕೂ ಮೊದಲು ಆಗಸ್ಟ್‌ನಲ್ಲಿ ಅಲ್ಜೀರಿಯಾದಲ್ಲೇ ನೆಲೆಸಿದ್ದ ಯೂರೋಪಿಯನ್ ಉಗ್ರರು ಕಸ್ಬಾದ ತೀಬ್ ಬೀದಿಯಲ್ಲಿ ರಾತ್ರಿ ಹೊತ್ತು ಬಾಂಬಿಟ್ಟು, ಮಲಗಿದ್ದವರ ಮೇಲೆ ಮನೆಗಳನ್ನೇ ಕೆಡವಿದ್ದರು. ಸಿನಿಮಾ ಅದನ್ನು ಮೊದಲು ತೋರಿಸುತ್ತದೆ. ಅವಶೇಷದಡಿಯಿಂದ ಮಕ್ಕಳ ಹೆಣಗಳನ್ನು ಎತ್ತುವುದನ್ನು ನಾವು ನೋಡುತ್ತೇವೆ. ಆಮೇಲೆ ಮೂವರು ಹೆಂಗಸರು ಕನ್ನಡಿಯ ಮುಂದೆ ಕೂತು ಕೂದಲು ಕತ್ತರಿಸಿಕೊಂಡು, ಫ್ರೆಂಚ್ ಹುಡುಗಿಯರಂತೆ ಬಟ್ಟೆ ತೊಟ್ಟು, ಕೈಚೀಲದಲ್ಲಿ ಬಾಂಬಿಟ್ಟುಕೊಂಡು ಸೈನಿಕರ ತಪಾಸಣೆ ದಾಟಿ ಹೋಗುತ್ತಾರೆ. ನಮ್ಮ ಮನಸ್ಸು ಪೂರ್ತಿ ಅವರ ಕಡೆ ಇರುತ್ತದೆ, ಸಿಕ್ಕಿಬೀಳದೆ ಇರಲಿ ಎಂದು ಉಸಿರು ಬಿಗಿಹಿಡಿಯುತ್ತೇವೆ. ಅಷ್ಟರಲ್ಲಿ ಒಬ್ಬಾಕೆ ಕೆಫೆಯೊಳಗೆ ಕೂತು ಸುತ್ತ ಕಣ್ಣು ಹಾಯಿಸುತ್ತಾಳೆ. ಅವಳು ನೋಡಿದ್ದನ್ನೆಲ್ಲ ಕ್ಯಾಮೆರಾ ನಮಗೂ ತೋರಿಸುತ್ತದೆ. ಹರಟುತ್ತಿರುವ ಗಂಡಸರು, ನಗುತ್ತಿರುವ ಹುಡುಗಿಯರು, ಐಸ್‌ಕ್ರೀಮ್ ನೆಕ್ಕುತ್ತಿರುವ ಪುಟ್ಟ ಮಗು. ಅವಳು ಚೀಲವನ್ನು ಅಲ್ಲೇ ಬಿಟ್ಟು ಎದ್ದು ಹೋಗುತ್ತಾಳೆ. ತೀಬ್ ಬೀದಿಯ ಹೆಣಗಳಿಗೆ ಯಾವ ಸಂಗೀತ ಇತ್ತೋ ಕೆಫೆಯ ಹೆಣಗಳಿಗೂ ಅದೇ ಸಂಗೀತ. ಸಂಗೀತಗಾರ ಎನ್ನಿಯೊ ಮೊರಿಕೋನೆ ಮತ್ತು ನಿರ್ದೇಶಕ ಕೂಡಿ ಮಾಡಿದ ಕೆಲಸ ಅದು. ನಿನ್ನ ಜಯಘೋಷವನ್ನು ಆ ಸಂಗೀತದ ಪಕ್ಕದಲ್ಲಿಟ್ಟು ನೀನೇ ಕೇಳು.

ಆ ನಿಜವಾದ ದಿನ ಮಿಲ್ಕ್ ಬಾರ್ ಎಂಬ ಕೆಫೆಯಲ್ಲಿ ಬಾಂಬಿಟ್ಟವಳು ಝೊಹ್ರಾ ದ್ರೀಫ್, ಇಪ್ಪತ್ತೊಂದು ವರ್ಷದ ಕಾನೂನು ವಿದ್ಯಾರ್ಥಿನಿ. ಮುಂದೆ ಸ್ವತಂತ್ರ ಅಲ್ಜೀರಿಯಾದಲ್ಲಿ ವಕೀಲೆಯಾದಳು, ಸಂಸತ್ತಿನ ಮೇಲ್ಮನೆ ಸದಸ್ಯೆಯಾದಳು. ಅದೇ ಕೆಫೆಯಲ್ಲಿ ಅಜ್ಜಿಯ ಜೊತೆಗಿದ್ದ ಐದು ವರ್ಷದ ಹುಡುಗಿ ದಾನಿಯೆಲ್ ಮಿಶೆಲ್-ಶಿಶ್. ಅಜ್ಜಿ ಸತ್ತರು, ಮಗು ಒಂದು ಕಾಲು ಕಳೆದುಕೊಂಡಿತು. ಆಕೆ ದೊಡ್ಡವಳಾಗಿ, 2012ರಲ್ಲಿ, ಝೊಹ್ರಾಗೆ ಬರೆದ ಪತ್ರದ ರೂಪದಲ್ಲಿ ಒಂದು ಪುಸ್ತಕವನ್ನೇ ತಂದಳು. ಅಲ್ಜೀರಿಯಾದ ಸ್ವಾತಂತ್ರ್ಯ ನ್ಯಾಯವಾದದ್ದು ಎಂಬುದರಲ್ಲಿ ನನಗೆ ಎಳ್ಳಷ್ಟೂ ಅನುಮಾನವಿಲ್ಲ. ಆ ಮಗುವಿನ ಕಾಲೂ ನನ್ನ ಮನಸ್ಸಿನಿಂದ ಹೋಗುವುದಿಲ್ಲ. ಐಸ್‌ಕ್ರೀಮಿನ ಮಗುವನ್ನು ತೋರಿಸದೆ ಇದ್ದಿದ್ದರೆ ಆ ಸಿನಿಮಾವನ್ನು ಫ್ರಾನ್ಸಿನವರು ಸುಲಭವಾಗಿ ಸುಳ್ಳೆಂದು ತಳ್ಳಿಹಾಕಬಹುದಿತ್ತು. ತಳ್ಳಿಹಾಕಲು ಆಗದ್ದಕ್ಕೇ ಅವರಿಗೆ ಅಷ್ಟು ಸಿಟ್ಟು: 1966ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಅದಕ್ಕೆ ಗೋಲ್ಡನ್ ಲಯನ್ ಪ್ರಶಸ್ತಿ ಬಂದಾಗ ಫ್ರೆಂಚ್ ನಿಯೋಗ ಎದ್ದು ಹೊರಗೆ ಹೋಯಿತು, ಫ್ರಾನ್ಸಿನಲ್ಲಿ ವರ್ಷಗಟ್ಟಲೆ ಅದರ ಪ್ರದರ್ಶನವೇ ಆಗಲಿಲ್ಲ.

ಶತ್ರುವಿನ ಪಾತ್ರವನ್ನೂ ಗಮನಿಸು. 1957ರ ಜನವರಿಯಲ್ಲಿ ಫ್ರೆಂಚ್ ಸೇನೆಯ ಜನರಲ್ ಮಸ್ಸು ಅವರ ಪ್ಯಾರಾಟ್ರೂಪ್ ಪಡೆಗೆ ಅಲ್ಜಿಯರ್ಸ್‌ನ ಪೊಲೀಸ್ ಅಧಿಕಾರವನ್ನೆಲ್ಲ ಒಪ್ಪಿಸಿದರು. ಸಿನಿಮಾದಲ್ಲಿ ಆ ಪಡೆಯನ್ನು ನಡೆಸುವವನು ಕರ್ನಲ್ ಮ್ಯಾಥ್ಯೂ. ಹಲ್ಲು ಕಚ್ಚುವ ಖಳನಾಯಕ ಅವನಲ್ಲ; ಬುದ್ಧಿವಂತ, ಮಾತು ಬಲ್ಲವನು, ಎದುರಾಳಿಯನ್ನು ಗೌರವಿಸುವವನು. ಅಂಥವನು ಹಿಂಸೆ ಕೊಟ್ಟು ಬಾಯಿಬಿಡಿಸುವುದನ್ನು ಲೆಕ್ಕಾಚಾರದ ವಿಷಯವೆಂಬಂತೆ ವಿವರಿಸುವುದರಿಂದಲೇ ಭಯವಾಗುತ್ತದೆ. ಮುಖ್ಯ ಪಾತ್ರಗಳಲ್ಲಿ ವೃತ್ತಿಪರ ನಟ ಅವನೊಬ್ಬನೇ, ಝಾನ್ ಮಾರ್ತಾಂ. ಈ ಯುದ್ಧವನ್ನು ವಿರೋಧಿಸಿ ಫ್ರಾನ್ಸಿನ 121 ಮಂದಿ ಹೊರಡಿಸಿದ ಹೇಳಿಕೆಗೆ ಸಹಿ ಹಾಕಿ ಕೆಲಸ ಕಳೆದುಕೊಂಡಿದ್ದ ಆ ನಟನೇ ಪ್ಯಾರಾಟ್ರೂಪ್ ಕರ್ನಲ್ ಆಗಿ ನಿಂತ!

ಇಷ್ಟಾದರೂ ಆ ಸಿನಿಮಾ ಎಲ್ಲವನ್ನೂ ಹೇಳುವುದಿಲ್ಲ, ಅದನ್ನೂ ತಿಳಿದುಕೋ. 1957ರ ಮೇ ತಿಂಗಳಲ್ಲಿ ಮೆಲೂಝಾ ಹಳ್ಳಿಯಲ್ಲಿ ಪ್ರತಿಸ್ಪರ್ಧಿ ಸಂಘಟನೆಯ ಬೆಂಬಲಿಗರೆಂದು ಎಫ್‌ಎಲ್‌ಎನ್‌ನವರೇ ನೂರಾರು ಅಲ್ಜೀರಿಯನ್ನರನ್ನು ಕೊಂದರು. ಫ್ರೆಂಚ್ ಸೇನೆಯಲ್ಲಿ ದುಡಿದ ಸ್ಥಳೀಯರು, ಹರ್ಕಿಗಳು, 1962ರ ಮೇಲೆ ಅನುಭವಿಸಿದ ಸೇಡಿನ ಕೊಲೆಗಳೂ ಅದರಲ್ಲಿ ಇಲ್ಲ. ಪೌಲ್ ತೇತ್‌ಜಾಂ ಎಂಬ ಅಧಿಕಾರಿಯೂ ಇಲ್ಲ. ಅವನು ಅಲ್ಜಿಯರ್ಸ್ ಪೊಲೀಸ್ ಆಡಳಿತದ ಮುಖ್ಯಸ್ಥನಾಗಿದ್ದವನು, ನಾಟ್ಸಿಗಳ ಕೈಯಲ್ಲಿ ತಾನೇ ಚಿತ್ರಹಿಂಸೆ ಉಂಡವನು. ಬಂಧಿತರ ಮೈಮೇಲೆ ಅವೇ ಗುರುತುಗಳನ್ನು ಕಂಡು, ಕಾಣೆಯಾದವರ ಲೆಕ್ಕವಿಟ್ಟು, ಕೊನೆಗೆ ಹುದ್ದೆ ಬಿಟ್ಟು ಹೋದ. ಅವನ ಲೆಕ್ಕದಲ್ಲಿ ಕಾಣೆಯಾದವರು 3,024. ನನ್ನ ಕೈಯಲ್ಲಿ ಅಧಿಕಾರವಿದ್ದರೆ ಆ ಮನುಷ್ಯನ ಮೇಲೆ ಒಂದು ಸಿನಿಮಾ ಮಾಡಿಸುತ್ತಿದ್ದೆ. ಒಂದು ಸಿನಿಮಾ ನೋಡಿ ಒಂದು ಯುದ್ಧ ಗೊತ್ತಾಯಿತು ಅಂದುಕೊಳ್ಳಬೇಡ, ಪಕ್ಕದಲ್ಲಿ ಪುಸ್ತಕ ಇರಲಿ.

ಇದರ ಜೊತೆಗೆ ಮೊಹಮ್ಮದ್ ಲಖ್ದರ್-ಹಮೀನಾ ಅವರ ‘ಕ್ರಾನಿಕಲ್ ಆಫ್ ದ ಇಯರ್ಸ್ ಆಫ್ ಫೈರ್’ ನೋಡು, 1975ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ಪಾಮ್ ದೋರ್ ಪ್ರಶಸ್ತಿ ಪಡೆದದ್ದು. ಬರ, ಹಸಿವು, ರೋಗ, 1945ರ ಮೇ ತಿಂಗಳಲ್ಲಿ ಫ್ರೆಂಚರು ನಡೆಸಿದ ಕಗ್ಗೊಲೆಗಳು, ಎಲ್ಲ ಆದ ಮೇಲೆ 1954ರಲ್ಲಿ ಯುದ್ಧ ಶುರುವಾಗುವ ಹೊತ್ತಿಗೆ ಆ ಸಿನಿಮಾ ಮುಗಿಯುತ್ತದೆ. ಈಸೂರಿನವರು ಯಾಕೆ ಸಿಡಿದರು ಎಂಬುದಕ್ಕೆ ನಿನ್ನ ಕಥೆಯಲ್ಲಿ ಇರುವುದು ಒಂದು ಭಾಷಣ ಮಾತ್ರ. ಅವರ ಗದ್ದೆ, ಲೇವಿ, ಕಂದಾಯ ಎಲ್ಲಿ?

ಈಗ ನಿನ್ನ ದೃಶ್ಯ. ಆ ಅಮಲ್ದಾರರೂ ಸಬ್ ಇನ್ಸ್‌ಪೆಕ್ಟರೂ ಮೈಸೂರು ಸಂಸ್ಥಾನದ ನೌಕರರು, ನಮ್ಮಂತೆಯೇ ಕನ್ನಡ ಆಡುವವರು. ಅವರನ್ನು ಕೊಂದ ಕಾರಣಕ್ಕೆ 1943ರ ಮಾರ್ಚ್‌ನಲ್ಲಿ ಗಲ್ಲಿಗೇರಿದ ಐವರೂ ನಮ್ಮವರೇ. ಊರಿನ ಹೆಂಗಸರೂ ಜೈಲು ಸೇರಿದರು. ಈ ಐವರ ಬಗ್ಗೆ ನಿನಗಿರುವ ಭಕ್ತಿ ನನಗೂ ಇದೆ, ಅದನ್ನು ಕಡಿಮೆ ಮಾಡು ಎಂದು ಹೇಳುತ್ತಿಲ್ಲ. ಅಮಲ್ದಾರರು ಊರೊಳಗೆ ಬರುವ ಮುಂಚೆ ಅವರಿಗೆ ಒಂದು ದೃಶ್ಯ ಕೊಡು. ಶಿಕಾರಿಪುರದಿಂದ ಹೊರಡುವಾಗ ಮನೆಯವರಿಗೆ ಏನು ಹೇಳಿ ಹೊರಟಿರಬಹುದು, ಯೋಚಿಸು. ಆಮೇಲೆ ಗಲಾಟೆ ಬರಲಿ, ಜಯಘೋಷ ತೆಗೆದುಹಾಕು. ಕಲ್ಲು ಎತ್ತಿದವನ ಕೈ ಆಮೇಲೆ ಹೇಗೆ ನಡುಗಿತು ಎಂಬುದನ್ನೂ ಬರೆ. ಹಾಗೆ ಬರೆದರೆ ಗಲ್ಲಿನ ದೃಶ್ಯದಲ್ಲಿ ಜನ ಇನ್ನಷ್ಟು ಅಳುತ್ತಾರೆ, ಏಕೆಂದರೆ ಆ ಐವರು ಏನು ಮಾಡಿದ್ದರು, ಯಾವ ಭಾರ ಹೊತ್ತುಕೊಂಡು ಹಗ್ಗದ ಕಡೆ ನಡೆದರು ಎಂಬುದು ಅವರಿಗೆ ಗೊತ್ತಿರುತ್ತದೆ.

ಮೊದಲು ಈಸೂರಿಗೆ ಹೋಗಿ ನಾಲ್ಕು ದಿನ ಇದ್ದು ಬಾ. ಹಿರಿಯರ ಮಕ್ಕಳು, ಮೊಮ್ಮಕ್ಕಳು ಇದ್ದಾರೆ, ಕೇಳಿದರೆ ಹೇಳುತ್ತಾರೆ. ಮೊಕದ್ದಮೆಯ ಕಾಗದಪತ್ರ ಎಲ್ಲಿ ಸಿಗಬಹುದೆಂದು ನಾನು ಇಲ್ಲಿ ವಿಚಾರಿಸುತ್ತೇನೆ. ದಸರಾಕ್ಕೆ ಬರುವಾಗ ತಿದ್ದಿದ ಪ್ರತಿ ತೆಗೆದುಕೊಂಡು ಬಾ, ಆ ಎರಡೂ ಸಿನಿಮಾಗಳನ್ನೂ ತಾ. ನಿಮ್ಮಮ್ಮನನ್ನೂ ಕೂರಿಸಿಕೊಂಡು ನೋಡೋಣ.

ಇತಿ,
ನಿನ್ನ ದೊಡ್ಡಮ್ಮ