ಕ್ರಾಸ್ ಕತ್ತರಿಸಿದ ಬಟ್ಟೆ

ದಾವಣಗೆರೆ

ಚಿರಂಜೀವಿ ಮಗನಿಗೆ ದೊಡ್ಡಪ್ಪನ ಆಶೀರ್ವಾದಗಳು. ನಾವೆಲ್ಲ ಕ್ಷೇಮ.

ಹೊಸ ಕಂಪನಿಯವರು ಕೊಟ್ಟ ಬ್ಯಾಗು, ಬಾಟ್ಲಿ ಮುಂದಿಟ್ಟುಕೊಂಡು, ಟಿ-ಶರ್ಟು ತೊಟ್ಟು ತೆಗೆಸಿದ ಫೋಟೋ ನೋಡಿದೆ. ಕೆಳಗೆ ‘ಸ್ವ್ಯಾಗ್’ ಅಂತ ಬರೆದಿದ್ದೆ. ಆ ಪದ ನನಗೆ ಹೊಸದಲ್ಲಪಾ. ಆರು ಮೀಟರ್ ಬಟ್ಟೆ ದಂಡ ಹಾಕಿಸಿದ ಪದ ಅದು.

ಪಿ.ಜೆ. ಬಡಾವಣೆಯ ಒಂದು ಮನೆಯವರು ನನ್ನ ಹೊಲಿಗೆ ಅಂಗಡಿಗೆ ಫೋಟೋ ತಂದು, ಕಿಟಕಿ ಮೇಲೆ ಹೂಮಾಲೆಯಂಗೆ ಜೋತು ಬೀಳೋ ಪರದೆ ಬೇಕು, ಇದಕ್ಕೆ ಸ್ವ್ಯಾಗ್ ಅಂತಾರೆ ಅಂದರು. ನಾನು ಎಂದಿನಂತೆ ಅಂಚಿನ ಗುಂಟ ನೇರ ಕತ್ತರಿ ಹಾಕಿದೆ. ಗಂಜಿ ಹಾಕಿದ ಪಂಚೆಯಂಗೆ ಸೆಟೆದು ನಿಂತಿತು. ಬಟ್ಟೆಯನ್ನ ಓರೆಯಾಗಿ, ನಾವು ಕ್ರಾಸ್ ಅಂತೀವಲ್ಲ, ಹಾಗೆ ಕತ್ತರಿಸಿದರೆ ಮಾತ್ರ ತನ್ನ ಭಾರಕ್ಕೆ ತಾನೇ ಬಾಗಿ ಇಳೀತದೆ.

ಆ ಸಿಟ್ಟಿಗೆ ನಿಘಂಟು ತೆಗೆದೆ. ಒಂದು ಪದಕ್ಕೆ ಎಷ್ಟು ವೇಷ! ಮೊದಲು ಅದು ಉಬ್ಬಿದ ಚೀಲ. ಆಮೇಲೆ ಕಳ್ಳರ ಬಾಯಲ್ಲಿ ಕದ್ದ ಮಾಲು. ಆಸ್ಟ್ರೇಲಿಯಾದಲ್ಲಿ ಕೂಲಿ ಹುಡುಕುತ್ತ ಊರೂರು ನಡೆದವರ ಹಾಸಿಗೆ ಗಂಟು. ಎದೆ ಸೆಟೆಸಿ ಮೆರೆಯೋದಕ್ಕೆ ಸ್ವ್ಯಾಗರ್ ಅನ್ನೋ ಪದವನ್ನ ಷೇಕ್ಸ್‌ಪಿಯರ್ 1590ರ ದಶಕದಲ್ಲೇ ಬಳಸಿದ್ದಾನೆ. ನಿಮ್ಮ ಹುಡುಗರ ಸ್ವ್ಯಾಗು ಅದರ ಮೊಮ್ಮಗ. ಬೇರು ನೋಡಿದರೆ ತೂಗಾಡು, ಓಲಾಡು ಅನ್ನೋ ಸ್ಕ್ಯಾಂಡಿನೇವಿಯಾದ ಮಾತು ಇರಬೇಕಂತೆ. ನಿನ್ನ ಫೋಟೋದಲ್ಲಿರೋ ಹಂಗೆ ಕಂಪನಿ ಪುಕ್ಕಟೆ ಕೊಡೋ ಸಾಮಾನಿಗೂ ಈಗ ಅದೇ ಹೆಸರು. ‘ನಮಗೆಲ್ಲ ಸಿಗೋ ಸಾಮಾನು’ ಅನ್ನೋದರ ಇಂಗ್ಲಿಷ್ ಮೊದಲಕ್ಷರ ಕೂಡಿಸಿ ಆದ ಪದ ಅಂತ ಗೆಳೆಯರು ಹೇಳಿದರೆ ನಂಬಬೇಡ, ಅದು ಆಮೇಲೆ ಕಟ್ಟಿದ ಕತೆ.

ಆ ಮೆರೆಯೋ ಸ್ವ್ಯಾಗಿಗೆ ನಾವು ಗತ್ತು ಅಂತೀವಿ, ಖದರು ಅಂತೀವಿ. ಜಾಸ್ತಿಯಾದರೆ ಧಿಮಾಕು. ಈ ಊರನ್ನ ಕರ್ನಾಟಕದ ಮ್ಯಾಂಚೆಸ್ಟರ್ ಅಂತಿದ್ದ ಕಾಲದಲ್ಲಿ ನಿಮ್ಮಜ್ಜ ಹತ್ತಿ ಗಿರಣಿಯಲ್ಲಿದ್ದರು. ಹರಿದ ಎಳೆಯನ್ನ ಎರಡೇ ಬೆರಳಲ್ಲಿ ಹೊಸೆದು ಸೇರಿಸೋರು, ಮೇಸ್ತ್ರಿ ನಿಂತು ನೋಡೋನು. ಪಾಳಿ ಮುಗಿಸಿ, ಮೈಗೆಲ್ಲ ಅರಳೆ ಅಂಟಿಸಿಕೊಂಡು, ತೇಪೆ ಅಂಗಿಯಲ್ಲೇ ಹೊರಗೆ ಬರೋರು. ಆ ನಡಿಗೆ ನೋಡಬೇಕಿತ್ತು ನೀನು! ಕ್ರಾಸ್ ಕತ್ತರಿಸಿದ ಬಟ್ಟೆ ಇಳಿದಂಗೆ.

ಕಂಪನಿ ಕೊಟ್ಟಿದ್ದು ಹಾಕಿಕೋ, ತಪ್ಪಿಲ್ಲ. ವ್ಯಾಪಾರ ಕೇಳಿಕೊಂಡು ಬಂದವರು ಕೊಟ್ಟಿದ್ದು ಬೇರೆ. ನನಗೂ ಒಬ್ಬ ಬಟ್ಟೆ ವ್ಯಾಪಾರಿ ದೀಪಾವಳಿಗೆ ಸಫಾರಿ ಪೀಸು ಕೊಟ್ಟಿದ್ದ. ಮುಂದಿನ ತಿಂಗಳು ಅವನ ಬಣ್ಣ ಬಿಡೋ ಬಟ್ಟೆಯನ್ನ ಗಿರಾಕಿಗೆ ‘ಚಲೋ ಐತೆ’ ಅನ್ನುವಾಗ ನಾಲಿಗೆ ತಡವರಿಸಿತು. ಆದರೂ ಅಂದೆ. ಆ ಗಿರಾಕಿ ಮತ್ತೆ ಅಂಗಡಿ ಮೆಟ್ಟಿಲು ಹತ್ತಲಿಲ್ಲ. ಅಂಥ ಉಡುಗೊರೆ ಬಂದರೆ ಮೇಲಿನವರಿಗೆ ಹೇಳಿಬಿಡು. ಆಫೀಸಿನ ಚಾರ್ಜರು ಕೇಳದೆ ಮನೆಗೆ ತಂದರೆ ಅದೂ ಸ್ವ್ಯಾಗೇ, ಕಳ್ಳರ ಅರ್ಥದ್ದು.

ಇನ್ನು ಆ ಟಿ-ಶರ್ಟು. ಭುಜ ಮೊಣಕೈವರೆಗೆ ಇಳಿದಿದೆ, ಅಳತೆ ತಪ್ಪಿದೆ ಅಂದೆ. ಅದೇ ಸ್ಟೈಲು ದೊಡ್ಡಪ್ಪ ಅಂತ ನಿನ್ನ ತಂಗಿ ನಕ್ಕಳು. ಆಗಲಿ. ಆದರೆ ಕಂಕುಳ ಹೊಲಿಗೆ ಬಿಟ್ಟಿರೋದು ಫೋಟೋದಲ್ಲೇ ಕಾಣ್ತದೆ. ಬರುವಾಗ ತಗೊಂಡು ಬಾ, ಮಿಷನ್ನಿಗೆ ಎಣ್ಣೆ ಬಿಟ್ಟಿಟ್ಟಿರ್ತೀನಿ.

ಇಂತಿ,
ನಿನ್ನ ದೊಡ್ಡಪ್ಪ