ಮಾತಿನ ಅಡಿಯಲ್ಲಿ ನಡೆಯುವ ಆಟ

ಪ್ರಿಯ ಮಿತ್ರರೆ,

ನಿಮ್ಮ ಕತೆಯನ್ನು ಓದಿದೆ. ಅಕ್ಕತಂಗಿಯರ ನಡುವಿನ ಅಸೂಯೆ ಒಳ್ಳೆಯ ವಸ್ತು. ಆದರೆ ‘ನಿನ್ನ ಏಳಿಗೆಯನ್ನು ಸಹಿಸಲಾರೆ’ ಎಂದು ಅಕ್ಕ ಬಾಯಿಬಿಟ್ಟು ಹೇಳಿದಲ್ಲಿಗೆ ಕತೆ ಮುಗಿದುಹೋಯಿತು. ಜನ ಹಾಗೆ ಹೇಳುವುದಿಲ್ಲ. ‘ಇಷ್ಟೊಂದು ದುಡಿಯುತ್ತೀಯಲ್ಲ, ಆರೋಗ್ಯ ನೋಡಿಕೋ’ ಎನ್ನುತ್ತಾರೆ. ಕೇಳಿದವಳಿಗೆ ಚುಚ್ಚಿದ್ದು ತಿಳಿಯುತ್ತದೆ. ಕಾಳಜಿಯ ಮಾತಿಗೆ ಸಿಟ್ಟಾದರೆ ತಾನೇ ಕೆಟ್ಟವಳಾಗಬೇಕಾದ್ದರಿಂದ ಅವಳೂ ನಗುತ್ತಾಳೆ.

ಹೊರಗೆ ಒಂದು ಮಾತು, ಒಳಗೆ ಇನ್ನೊಂದು ಉದ್ದೇಶವಿರುವ ಇಂತಹ ಆಟಗಳಿಗೆ ಮನೋವೈದ್ಯ ಎರಿಕ್ ಬರ್ನ್ 1964ರ ತಮ್ಮ ಪುಸ್ತಕದಲ್ಲಿ ಹೆಸರಿಟ್ಟು ವಿವರಿಸಿದರು. ಅವುಗಳಲ್ಲಿ ಬರೆಯುವವರಿಗೆ ಹೆಚ್ಚು ಒದಗಿಬರುವುದು ಸಲಹೆಯ ಆಟ. ಒಬ್ಬರು ಕಷ್ಟ ತೋಡಿಕೊಳ್ಳುತ್ತಾರೆ, ಸುತ್ತಲಿನವರು ‘ಹೀಗೇಕೆ ಮಾಡಬಾರದು’ ಎಂದು ಒಂದೊಂದೇ ದಾರಿ ತೋರುತ್ತಾರೆ, ಪ್ರತಿಯೊಂದಕ್ಕೂ ‘ಹೌದು, ಆದರೆ’ ಎಂಬ ಉತ್ತರ ಸಿದ್ಧವಾಗಿರುತ್ತದೆ. ಕೊನೆಗೆ ಎಲ್ಲರೂ ಸುಮ್ಮನಾಗುತ್ತಾರೆ. ಕಷ್ಟ ತೋಡಿಕೊಂಡವರಿಗೆ ಬೇಕಿದ್ದುದು ಆ ಮೌನವೇ, ಏಕೆಂದರೆ ತಮ್ಮ ಕಷ್ಟದ ಮುಂದೆ ಯಾರ ಬುದ್ಧಿಯೂ ನಡೆಯದೆಂಬುದು ಅದರಿಂದ ಸಾಬೀತಾಗುತ್ತದೆ. ಆದರೆ ಸಲಹೆ ಕೊಟ್ಟವರನ್ನು ಅಮಾಯಕರೆಂದು ಬಿಟ್ಟುಬಿಡಬೇಡಿ. ತಿಳಿದವರೆನಿಸಿಕೊಳ್ಳುವ ಸುಖ ಅವರಿಗೂ ದಕ್ಕಿದೆ. ಇಲ್ಲದಿದ್ದರೆ ಮುಂದಿನ ಭೇಟಿಯಲ್ಲಿ ಮತ್ತೆ ಅದೇ ಮಾತಿಗೆ ಕೂರುತ್ತಿರಲಿಲ್ಲ.

ಆಟವೆಂದೊಡನೆ ಕಪಟವೆಂದುಕೊಳ್ಳುವುದು ಹೊಸಬರ ಅವಸರ. ಸಮಾಜಶಾಸ್ತ್ರಜ್ಞ ಅರ್ವಿಂಗ್ ಗಾಫ್‌ಮನ್ ಸ್ಕಾಟ್ಲೆಂಡಿನ ಶೆಟ್‌ಲ್ಯಾಂಡ್ ದ್ವೀಪವೊಂದರಲ್ಲಿ ಕಂಡದ್ದನ್ನು ಗಮನಿಸಿ: ಅಲ್ಲಿ ನೆರೆಮನೆಗೆ ಬರುವವರು ಬಾಗಿಲು ತಲುಪುವ ಮುನ್ನ ದಾರಿಯಲ್ಲಿದ್ದ ಮುಖಭಾವವನ್ನು ಬಿಟ್ಟು ಸ್ನೇಹದ ನಗೆ ತಂದುಕೊಳ್ಳುತ್ತಿದ್ದರು, ಹೊರಗೆ ಬಯಲು, ಒಳಗೆ ಮಬ್ಬುಗತ್ತಲು ಇದ್ದುದರಿಂದ ಮನೆಯವರು ಕಾಣಿಸಿಕೊಳ್ಳದೆ ಅದನ್ನು ನೋಡಿ ಖುಷಿಪಡುತ್ತಿದ್ದರು. ಆ ನಗೆಯನ್ನು ಸುಳ್ಳೆನ್ನಲು ನನಗೆ ಮನಸ್ಸು ಬಾರದು. ತನ್ನ ಬೇಸರವನ್ನು ಇನ್ನೊಬ್ಬರ ಮನೆಯೊಳಕ್ಕೆ ಒಯ್ಯದಿರುವುದೂ ಒಂದು ಮರ್ಯಾದೆಯೇ. (ಕಾದಂಬರಿಕಾರರಾದ ನಾವೂ ಆ ಮಬ್ಬಿನಲ್ಲಿ ನಿಂತು ನೋಡುವವರೇ, ಹೆಚ್ಚು ನೀತಿ ಹೇಳಲಾಗದು.)

ಕತೆಗೆ ನಿಜವಾದ ಜೀವ ಬರುವುದು ಯಾರೋ ಒಬ್ಬರು ಆಟಕ್ಕೆ ಕೂಡದಿದ್ದಾಗ. ಸಲಹೆಯ ಸರದಿ ಬಂದಾಗ ‘ಕಷ್ಟವೇ ಸರಿ, ನೀವೇನು ಮಾಡಬೇಕೆಂದಿದ್ದೀರಿ?’ ಎಂದಷ್ಟೇ ಒಬ್ಬರು ಕೇಳಲಿ. ‘ಹೌದು, ಆದರೆ’ ಎನ್ನಲು ಈಗ ಜಾಗವಿಲ್ಲ. ಕಷ್ಟ ತೋಡಿಕೊಂಡವರು ತಡವರಿಸುತ್ತಾರೆ, ಮಾತು ಬದಲಿಸುತ್ತಾರೆ, ಪ್ರಶ್ನೆ ಕೇಳಿದವರ ಮೇಲೆಯೇ ಮುನಿಯಲೂಬಹುದು. ಆ ಮುನಿಸಿನ ಕಾರಣ ಯಾವ ಪಾತ್ರಕ್ಕೂ ತಿಳಿದಿರಬೇಕಾಗಿಲ್ಲ. ನಿಮಗೆ ತಿಳಿದಿರಬೇಕು. ಮುಂದಿನ ಕರಡಿಗೆ ಮೊದಲು ಯಾರಿಗೆ ಏನು ದಕ್ಕುತ್ತಿದೆಯೆಂದು ಬೇರೊಂದು ಹಾಳೆಯಲ್ಲಿ ಬರೆದುಕೊಳ್ಳಿ, ಮತ್ತು ಆ ಹಾಳೆಯ ಒಂದು ಸಾಲೂ ಕತೆಯೊಳಗೆ ಬರದಂತೆ ನೋಡಿಕೊಂಡು ಕಳುಹಿಸಿ.

ವಿಶ್ವಾಸದಿಂದ,
ನಿಮ್ಮ ಹಿರಿಯ ಓದುಗ