ತೂಕವನ್ನು ಕೂಗಿ ಹೇಳಬೇಕೆ?

ಮಾನ್ಯ ಸಂಪಾದಕರೇ,

ಕೆಲವು ವಾರಗಳ ಹಿಂದೆ ನಮ್ಮ ಬಡಾವಣೆಯ ಸಮುದಾಯ ಭವನದಲ್ಲಿ ಉಚಿತ ಆರೋಗ್ಯ ತಪಾಸಣಾ ಶಿಬಿರ ನಡೆಯಿತು. ತೂಕದ ಯಂತ್ರವನ್ನು ಬಾಗಿಲ ಬಳಿಯೇ ಇಟ್ಟಿದ್ದರು. ಒಬ್ಬೊಬ್ಬರು ಹತ್ತಿ ನಿಂತಂತೆಲ್ಲ, ದೂರದ ಮೇಜಿನಲ್ಲಿ ಬರೆದುಕೊಳ್ಳುತ್ತಿದ್ದವರಿಗೆ ಕೇಳಲೆಂದು ಅಂಕಿಯನ್ನು ಕೂಗಿ ಹೇಳುತ್ತಿದ್ದರು. ನನ್ನ ಮುಂದಿದ್ದ ಹೆಣ್ಣುಮಗಳ ಸರದಿಯಲ್ಲಿ 'ಎಂಬತ್ತೇಳು' ಎಂದು ಕೂಗಿದ್ದೇ ತಡ, ಸಾಲಿನಲ್ಲಿ ಯಾರೋ ಕಿಸಕ್ಕನೆ ನಕ್ಕರು. ಆಕೆ ಸಕ್ಕರೆ, ರಕ್ತದೊತ್ತಡದ ಪರೀಕ್ಷೆಗೂ ನಿಲ್ಲದೆ ಮನೆಗೆ ಹೊರಟುಹೋದರು. ಆಮೇಲೆ ಬಂದ ತೆಳ್ಳನೆಯ ಹಿರಿಯರೊಬ್ಬರಿಗೆ 'ನಿಮಗೇನ್ರೀ, ಆರಾಮಿದ್ದೀರಿ' ಎಂಬ ಮಾತು ಸಿಕ್ಕಿತು.

ಈ ಎರಡೂ ತಪ್ಪುಗಳ ಬೇರು ಒಂದೇ: ಆರೋಗ್ಯವನ್ನು ಕಣ್ಣಳತೆಯಲ್ಲಿ ತೀರ್ಮಾನಿಸುವುದು. ನನ್ನ ಯಜಮಾನರು ಜೀವನದುದ್ದಕ್ಕೂ ಸಣಕಲು ಮೈಯವರು. ಹೊಟ್ಟೆ ಮಾತ್ರ ವರ್ಷ ವರ್ಷ ಮುಂದೆ ಬರುತ್ತಿತ್ತು. ಅವರಿಗೆ ಸಕ್ಕರೆ ಕಾಯಿಲೆ ಇದೆಯೆಂದು ತಿಳಿಯುವಷ್ಟರಲ್ಲಿ ಪಾದಗಳು ಜೋಮು ಹಿಡಿಯತೊಡಗಿದ್ದವು. ಭಾರತೀಯರಲ್ಲಿ ಇದು ಅಪರೂಪವಲ್ಲ. ಪುಣೆಯ ವೈದ್ಯ ಚಿತ್ತರಂಜನ್ ಯಾಜ್ಞಿಕ್ ಮತ್ತು ಲಂಡನ್ನಿನ ವೈದ್ಯ ಜಾನ್ ಯುಡ್ಕಿನ್ 2004ರಲ್ಲಿ ತಮ್ಮ ದೇಹಗಳನ್ನೇ ಅಳೆಸಿಕೊಂಡ ಫಲಿತಾಂಶವನ್ನು ಪ್ರಕಟಿಸಿದ್ದರು. ಎತ್ತರಕ್ಕೆ ತಕ್ಕ ತೂಕದ ಲೆಕ್ಕವಾದ ಬಿಎಂಐ ಇಬ್ಬರದೂ 22.3; ಆದರೆ ದೇಹದಲ್ಲಿದ್ದ ಕೊಬ್ಬು ಯುಡ್ಕಿನ್ ಅವರದು ಶೇ 9.1, ಯಾಜ್ಞಿಕ್ ಅವರದು ಶೇ 21.2. ಈ ಕಾರಣಕ್ಕೇ ನಮ್ಮಲ್ಲಿ ಸೊಂಟದ ಸುತ್ತಳತೆ ಗಂಡಸರಿಗೆ 90, ಹೆಂಗಸರಿಗೆ 80 ಸೆಂ.ಮೀ. ದಾಟಿದರೆ ಎಚ್ಚರ ವಹಿಸಬೇಕೆಂದು ವೈದ್ಯರು ಹೇಳುತ್ತಾರೆ. ಅದನ್ನು ತಿಳಿಯಲು ದರ್ಜಿಯ ಟೇಪು ಸಾಕು, ಕೂಗುವವರು ಬೇಕಿಲ್ಲ.

ಮೈಯನ್ನು ಇದ್ದಂತೆ ಒಪ್ಪಿಕೊಳ್ಳಬೇಕು ಎಂಬ ಮಾತು ಈಚೆಗೆ ಹೆಚ್ಚು ಕೇಳಿಬರುತ್ತಿದೆ. ಅದನ್ನು ಸೋಮಾರಿತನಕ್ಕೆ ಕೊಟ್ಟ ಪರವಾನಗಿ ಎಂದು ಹಿರಿಯರು ಗೊಣಗುವುದನ್ನೂ, 'ನಾನಿರುವುದೇ ಹೀಗೆ' ಎಂದು ಕೆಲವು ಕಿರಿಯರು ರಕ್ತಪರೀಕ್ಷೆಯನ್ನೇ ತಳ್ಳಿಹಾಕುವುದನ್ನೂ ನೋಡಿದ್ದೇನೆ. ಎರಡನೆಯದನ್ನು ನಾನು ಒಪ್ಪುವುದಿಲ್ಲ. ಹೆಚ್ಚಿದ ರಕ್ತದೊತ್ತಡಕ್ಕೆ ನಮ್ಮ ಸ್ವಾಭಿಮಾನದ ಪರಿಚಯವಿರುವುದಿಲ್ಲ. ಆದರೆ ಹೀಯಾಳಿಕೆಯಿಂದ ಯಾರೂ ನಡಿಗೆ ಕಲಿತದ್ದನ್ನು ಮೂವತ್ತು ವರ್ಷ ಪಾಠ ಮಾಡಿದ ನಾನಂತೂ ಕಂಡಿಲ್ಲ. ಆಟದ ಪಿರಿಯಡ್ಡಿನಲ್ಲಿ ದಪ್ಪ ಹುಡುಗಿಯರನ್ನು ಮೂಲೆಗೆ ನಿಲ್ಲಿಸಿ ಲೆಕ್ಕ ಬರೆಯಲು ಹಚ್ಚುತ್ತಿದ್ದೆವು. ಆ ತಪ್ಪಿನಲ್ಲಿ ನನ್ನ ಪಾಲೂ ಇದೆ. ಕುಂದುವಾಡ ಕೆರೆಯ ಏರಿಯ ಮೇಲೆ ಬೆಳಕು ಹರಿಯುವ ಮೊದಲೇ ನಡೆದು ಮುಗಿಸುವ ಕೆಲವು ಹೆಂಗಸರನ್ನು ಮಾತಾಡಿಸಿದರೆ, ಬಿಸಿಲಿಗಿಂತ ಜನರ ಕಣ್ಣಿಗೆ ಹೆದರಿ ಬಂದಿರುವುದಾಗಿ ಹೇಳುತ್ತಾರೆ. ತೂಕ ಒಂದು ಕಿಲೋ ಇಳಿಯದಿದ್ದರೂ ವಾರಕ್ಕೆ 150 ನಿಮಿಷದ ಬಿರುಸು ನಡಿಗೆಯಿಂದ ಸಕ್ಕರೆ, ರಕ್ತದೊತ್ತಡ, ನಿದ್ರೆಗಳಿಗೆ ಪ್ರಯೋಜನವಿದೆ ಎಂಬುದನ್ನು ಇವರಿಗೆ ಯಾರೂ ಹೇಳಿರುವುದಿಲ್ಲ. (ಸಂಜೆಯ ಮಂಡಕ್ಕಿ ಮಿರ್ಚಿಯ ಬಗ್ಗೆ ನಾನೂ ಬಾಯಿ ಬಿಡುವುದಿಲ್ಲ, ದಾವಣಗೆರೆಯಲ್ಲಿ ಹುಟ್ಟಿದವರಿಗೆ ಆ ಉಪದೇಶದ ಅಧಿಕಾರವಿಲ್ಲ.)

ಶಿಬಿರ ನಡೆಸುವ ಸಂಘ ಸಂಸ್ಥೆಗಳಲ್ಲಿ ನನ್ನ ಕೋರಿಕೆ ದೊಡ್ಡದಲ್ಲ. ತೂಕದ ಯಂತ್ರ ಪರದೆಯ ಹಿಂದಿರಲಿ. ಅಂಕಿಯನ್ನು ಚೀಟಿಯಲ್ಲಿ ಬರೆದು ಅವರವರ ಕೈಗೇ ಕೊಡಲಿ. ತೆಳ್ಳಗಿರುವವರ ಸೊಂಟವನ್ನೂ ಅಳೆಯಲಿ, ಬೆರಳಿನ ರಕ್ತವನ್ನೂ ನೋಡಲಿ. ಮೂವತ್ತು ದಾಟಿದವರಿಗೆ ಸರ್ಕಾರಿ ಆರೋಗ್ಯ ಕೇಂದ್ರಗಳಲ್ಲಿ ಸಕ್ಕರೆ ಮತ್ತು ರಕ್ತದೊತ್ತಡದ ತಪಾಸಣೆ ಉಚಿತವಾಗಿರುವುದನ್ನೂ ಅಲ್ಲೇ ತಿಳಿಸಲಿ.

ಅಂದು ಹೊರಟುಹೋದ ಹೆಣ್ಣುಮಗಳು ಮೊನ್ನೆ ತರಕಾರಿ ಅಂಗಡಿಯಲ್ಲಿ ಸಿಕ್ಕಿದ್ದರು. ಮುಂದಿನ ಶಿಬಿರಕ್ಕೆ ನಾನೇ ಜೊತೆಗೆ ಬರುತ್ತೇನೆಂದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, 'ಅಲ್ಲೂ ಬಾಗಿಲಲ್ಲೇ ತೂಕ ನೋಡ್ತಾರೇನ್ರೀ ಟೀಚರ್?' ಎಂದು ಕೇಳಿದರು.

— ನಿವೃತ್ತ ಶಿಕ್ಷಕಿ, ನಿಟುವಳ್ಳಿ, ದಾವಣಗೆರೆ